ಮೊದಲನೆಯ ಟೇಕ್

ತೀರ್ಥಹಳ್ಳಿ ಕಡೆಯ ಒಂದು ತೊಟ್ಟಿಮನೆ. ಚಿತ್ರೀಕರಣದ ಆರನೆಯ ದಿನ. ನಿರ್ದೇಶನವೂ ನನ್ನದೇ, ಕ್ಯಾಮೆರಾವೂ ನನ್ನದೇ, ಹಾಕಿದ ದುಡ್ಡೂ ನನ್ನದೇ. ಅಕ್ಕಿ ಆರಿಸುತ್ತ ಕುಳಿತ ಅಜ್ಜಿಗೆ ಮಗನ ಸಾವಿನ ಸುದ್ದಿ ಬರುವ ದೃಶ್ಯ. ತೊಟ್ಟಿಯಿಂದ ಇಳಿಯುವ ಬೆಳಕು ಆಕೆಯ ಎಡಗೆನ್ನೆಯನ್ನಷ್ಟೇ ಮುಟ್ಟುತ್ತಿತ್ತು. ಇನ್ನೊಂದು ಕೆನ್ನೆ ಪೂರ್ತಿ ಕಪ್ಪಾಗಬಾರದೆಂದು ಮನೆಯವರ ಬಿಳಿ ಪಂಚೆಯನ್ನು ಎರಡು ಕಂಬಗಳ ನಡುವೆ ಕಟ್ಟಿಸಿದ್ದೆ. ಮೂರನೆಯ ಟೇಕ್‌ಗೆ ಫ್ರೇಮು, ಫೋಕಸ್, ಬೆಳಕು ಎಲ್ಲ ಕೂಡಿ ಬಂತು. ಓಕೆ ಎಂದೆ.

ಸಹಾಯಕ ನಿರ್ದೇಶಕಿ ಹತ್ತಿರ ಬಂದು, "ಸರ್, ಮೊದಲನೆಯ ಟೇಕಿನಲ್ಲಿ ಮೊರ ಕೆಳಗಿಡುವಾಗ ಅಮ್ಮನ ಕೈ ನಡುಗಿತ್ತು. ಆಮೇಲೆ ಅದು ಬರಲಿಲ್ಲ" ಎಂದಳು.

ನಾನು ಅದನ್ನು ನೋಡಿರಲಿಲ್ಲ. ಆ ಟೇಕಿನ ನಡುವೆ ಮೋಡವೊಂದು ಹಾದು ಗೋಡೆ ಮಂಕಾಗಿತ್ತು; ನನ್ನ ಕಣ್ಣು ಗೋಡೆಯ ಮೇಲಿತ್ತು.

ಹದಿನೈದು ವರ್ಷ ಬೇರೆಯವರ ಚಿತ್ರಗಳಿಗೆ ಕ್ಯಾಮೆರಾ ಹಿಡಿದವನು ನಾನು. ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತ ಗೋವಿಂದ ನಿಹಲಾನಿ, ಮೈಸೂರಿನ ಹೆಸರಾಂತ ಛಾಯಾಗ್ರಾಹಕ ವಿ.ಕೆ. ಮೂರ್ತಿಯವರ ಬಳಿ ಸಹಾಯಕರಾಗಿ ದುಡಿದು, 1980ರಲ್ಲಿ 'ಆಕ್ರೋಶ್' ಎಂಬ ಹಿಂದಿ ಚಿತ್ರ ನಿರ್ದೇಶಿಸಿದರು, ಕ್ಯಾಮೆರಾವನ್ನೂ ಬಿಟ್ಟುಕೊಡಲಿಲ್ಲ. ಆ ದಾರಿ ನನಗೆ ಬಹಳ ಧೈರ್ಯ ಕೊಟ್ಟಿತ್ತು. ಆದರೆ ಒಂದೇ ಜೋಡಿ ಕಣ್ಣು ಎರಡು ಕಡೆ ನೋಡಬೇಕಾದ ಕಷ್ಟ ಆ ಮಧ್ಯಾಹ್ನದವರೆಗೂ ನನಗೆ ಗೊತ್ತಿರಲಿಲ್ಲ. ಮಾರನೆಯ ದಿನದಿಂದ ಕ್ಯಾಮೆರಾವನ್ನು ನನ್ನ ಸಹಾಯಕನ ಕೈಗೆ ಕೊಟ್ಟೆ. ಬೆಳಕು ಜೋಡಿಸುವುದು ನಾನೇ. ಆಕ್ಷನ್ ಎಂದ ಮೇಲೆ ಲೆನ್ಸಿನ ಪಕ್ಕದಲ್ಲಿ ನೆಲದ ಮೇಲೆ ಕುಳಿತು ಮುಖಗಳನ್ನು ಮಾತ್ರ ನೋಡುತ್ತಿದ್ದೆ.

ನಿರ್ಮಾಪಕನಾಗಿ ನನ್ನನ್ನು ಕಾಪಾಡಿದ್ದು ಮಾತ್ರ ಛಾಯಾಗ್ರಾಹಕನ ಅಭ್ಯಾಸವೇ. ಜನವರಿ ನಡುವಿನಲ್ಲಿ ಚಿತ್ರೀಕರಣವೆಂದು ಗೊತ್ತುಮಾಡಿಕೊಂಡು, ನವೆಂಬರ್ ಕೊನೆಯಲ್ಲೇ ಆ ಮನೆಗೆ ಹೋಗಿ ಎರಡು ದಿನ ಕುಳಿತಿದ್ದೆ. ಗಂಟೆಗೊಮ್ಮೆ ಬಿಸಿಲು ಎಲ್ಲಿಗೆ ಬಂತೆಂದು ಜಗಲಿಯ ಮೇಲೆ ಸೀಮೆಸುಣ್ಣದಿಂದ ಗೆರೆ ಎಳೆದು, ಪಕ್ಕದಲ್ಲಿ ಸಮಯ ಬರೆದೆ. ಹಗಲು ಅತಿ ಚಿಕ್ಕದಾಗುವ ಡಿಸೆಂಬರ್ 21ರ ಆಚೆ ಈಚೆ ಅಷ್ಟಷ್ಟೇ ದಿನ ದೂರದಲ್ಲಿ ಸೂರ್ಯನ ದಾರಿ ಹೆಚ್ಚುಕಡಿಮೆ ಒಂದೇ ಆಗಿರುತ್ತದೆ; ಹಾಗಾಗಿ ನವೆಂಬರಿನ ಗೆರೆ ಜನವರಿಗೂ ಹೊಂದಿತು. ಯಾವ ದೃಶ್ಯ ಯಾವ ಹೊತ್ತಿಗೆ ಎಂಬ ಪಟ್ಟಿಯನ್ನು, ಅಂದರೆ ಕಾಲ್‌ಶೀಟನ್ನು, ಆ ಗೆರೆಗಳ ಆಧಾರದ ಮೇಲೆಯೇ ಬರೆದೆ: ಉತ್ತರದ ಜಗಲಿಯ ದೃಶ್ಯಗಳೆಲ್ಲ ನಡುಹಗಲಿಗೆ, ಅಡುಗೆಮನೆಯದು ಬೆಳಗ್ಗೆ, ಮಾತು ಹೆಚ್ಚಿರುವುದು ಸಂಜೆಗೆ. ಜನರೇಟರ್ ಬಾಡಿಗೆ ಕೊಟ್ಟಿದ್ದು ರಾತ್ರಿ ಚಿತ್ರೀಕರಣವಿದ್ದ ಎರಡು ದಿನಗಳಿಗೆ ಮಾತ್ರ. ಉಳಿದ ಹಣದಲ್ಲಿ ಯೂನಿಟ್ ಹುಡುಗರ ಬಾಟಾ (ದಿನಭತ್ಯೆ) ಪ್ರತಿ ಸಂಜೆಯೂ ತಪ್ಪದೆ ಅವರ ಕೈ ಸೇರಿತು. ಹಿಂದೆ ನನ್ನ ಸಂಭಾವನೆಯೇ ತಿಂಗಳುಗಟ್ಟಲೆ ಬಾಕಿ ಉಳಿದದ್ದುಂಟು. ಆ ನೋವನ್ನು ನನ್ನ ಸೆಟ್ಟಿನಲ್ಲಿ ಯಾರೂ ಉಣ್ಣಬಾರದೆಂಬುದು ನನ್ನ ಹಟವಾಗಿತ್ತು.



ಸಂಕಲನಕ್ಕೆ ಕುಳಿತಾಗ ಅಜ್ಜಿಯ ಮೂರು ಟೇಕ್‌ಗಳನ್ನೂ ಸಾಲಾಗಿ ಹಾಕಿ ನೋಡಿದೆವು. ಮೊದಲನೆಯದನ್ನೇ ಇಟ್ಟುಕೊಂಡೆ. ಬಣ್ಣ ತಿದ್ದುವವರು ಗೋಡೆ ಮಂಕಾಗುವಲ್ಲಿ ನಿಲ್ಲಿಸಿ, "ಇಲ್ಲಿ ಬೆಳಕನ್ನು ಸಮ ಮಾಡಲೇ ಸರ್?" ಎಂದು ಕೇಳಿದರು. ಮೋಡ ಹಾಯುತ್ತದೆ, ಮೊರ ನೆಲ ಮುಟ್ಟುತ್ತದೆ, ಆ ಕೈ ಒಮ್ಮೆ ನಡುಗುತ್ತದೆ. ಹಾಗೇ ಬಿಡಿ ಎಂದೆ.