ಅಡಿಕೆ ಅಂಗಳದ ಕ್ಯಾಮೆರಾಕ್ಕೆ ಹೊಸ ಫ್ರಿಗೇಟ್

ಬದಿಯಡ್ಕದ ಕಡೆ ನಮ್ಮದು ಅಡಿಕೆ ತೋಟ. ಚಾಲಿ (ಸಿಪ್ಪೆ ಸಹಿತ ಬಿಸಿಲಿಗೆ ಹಾಕುವ ಹಣ್ಣಡಿಕೆ) ಒಣಗಲು 40 ದಿನವಾದರೂ ಬೇಕು, ಅಷ್ಟೂ ದಿನ ಅಂಗಳಕ್ಕೆ ಕಾವಲು ಬೇಕು. ಅದಕ್ಕೆಂದೇ ಹಳೆಯ ಮಿನಿ ಪಿಸಿಯೊಂದರಲ್ಲಿ, ಕ್ಯಾಮೆರಾದ ದೃಶ್ಯದಲ್ಲಿ ಮನುಷ್ಯ, ಕಾರು ಎಂದೆಲ್ಲ ಗುರುತಿಸುವ ಫ್ರಿಗೇಟ್ ಎಂಬ ತಂತ್ರಾಂಶದ 0.13 ಆವೃತ್ತಿ ಹಾಕಿದ್ದೆ. ಈ ಸಲ ಅದನ್ನು 0.16ಕ್ಕೆ ಏರಿಸಿದೆ.

ಮೊದಲು ಕಂಟೈನರ್ (ಫ್ರಿಗೇಟ್ ಓಡುವ ಡಾಕರ್ ಪೊಟ್ಟಣ) ನಿಲ್ಲಿಸಿ, ಕಾನ್ಫಿಗ್ ಎಂಬ ಸೆಟ್ಟಿಂಗ್ ಫೈಲನ್ನೂ ಡೇಟಾಬೇಸನ್ನೂ ಬೇರೆ ಕಡೆ ನಕಲು ಮಾಡಿಟ್ಟೆ. ಹೊಸ ಆವೃತ್ತಿ ಡೇಟಾಬೇಸನ್ನು ಮಾರ್ಪಡಿಸುತ್ತದೆ, ಮತ್ತೆ ಹಳೆಯದಕ್ಕೆ ಹೋಗಬೇಕೆಂದರೆ ನಕಲೇ ಗತಿ. ಕಾನ್ಫಿಗ್ ಅನ್ನು ಅದು ತಾನೇ ತಿದ್ದಿಕೊಳ್ಳುತ್ತದೆ, ಹಾಗಾಗಿ ಆ ಫೋಲ್ಡರ್‌ಗೆ ಬರೆಯುವ ಅನುಮತಿ ಇರಬೇಕು. 0.14ರಿಂದ ಲಾಗಿನ್ ಬಂದಿದೆ: ಕಂಟೈನರಿಗೆ 8971 ಪೋರ್ಟ್ (ಬ್ರೌಸರಿನಿಂದ ಒಳಹೋಗುವ ಬಾಗಿಲು) ಸೇರಿಸಿ, ಮೊದಲ ಸಲ ಪಾಸ್‌ವರ್ಡನ್ನು ಲಾಗ್‌ನಲ್ಲಿ ನೋಡಿಕೊಳ್ಳಿ. 5000 ಪೋರ್ಟಿಗೆ ಲಾಗಿನ್ ಇಲ್ಲ, ಅದನ್ನು ಹೊರಗೆ ತೆರೆದಿಡಬೇಡಿ.

ನಿಜವಾದ ಕೆಲಸ ಶುರುವಾದದ್ದು ಆಮೇಲೆ. ಈಗ ಘಟನೆಗಳು ಅಲರ್ಟ್ (ಮುಖ್ಯವಾದದ್ದು), ಡಿಟೆಕ್ಷನ್ (ಉಳಿದದ್ದು) ಎಂದು ಎರಡು ಪಾಲು. ನಾವೇನೂ ಹೇಳದಿದ್ದರೆ ಮನುಷ್ಯ, ಕಾರು ಎರಡೂ ಅಲರ್ಟ್. ನಮ್ಮ ಗೇಟಿನಾಚೆಯೇ ರಸ್ತೆ, ಹೋಗುವ ಕಾರೆಲ್ಲ ಅಲರ್ಟ್ ಆಯಿತು! ಅಂಗಳಕ್ಕೊಂದು ಜೋನ್ ಎಳೆದು, ಅದರೊಳಗೆ ಬಂದರೆ ಮಾತ್ರ ಅಲರ್ಟ್ ಎಂದು ಕೊಟ್ಟ ಮೇಲೆ ಸದ್ದಡಗಿತು. ಅಡಿಕೆ ಮೇಲಿನ ಟಾರ್ಪಾಲು ಗಾಳಿಗೆ ಪಟಪಟ ಹೊಡೆಯುತ್ತದಲ್ಲ, ಅದಕ್ಕೆ ಮೋಷನ್ ಮಾಸ್ಕ್ ಹಾಕಲು ಹೋಗಲಿಲ್ಲ. ಆ ಮಾಸ್ಕ್ ಚಲನೆಯನ್ನು ಮಾತ್ರ ಕಡೆಗಣಿಸುತ್ತದೆ, ಅದೇ ಜಾಗದಲ್ಲಿ ಕಳ್ಳ ನಡೆದರೂ ಕಣ್ಣಿಗೆ ಬೀಳುವುದು ತಡ. ಟಾರ್ಪಾಲನ್ನೇ ಆಳೆಂದು ಎಣಿಸುವುದನ್ನು ತಪ್ಪಿಸಲು ಥ್ರೆಶೋಲ್ಡನ್ನು (ಎಷ್ಟು ಖಾತ್ರಿಯಾದರೆ ಒಪ್ಪಬೇಕೆಂಬ ಮಿತಿ) 0.7ರಿಂದ 0.78ಕ್ಕೆ ಏರಿಸಿದೆ, ಸಾಕಾಯಿತು.

ಇಂಟೆಲ್ ಆರನೇ ಅಥವಾ ಅದರ ನಂತರದ ತಲೆಮಾರಿನ ಪ್ರೊಸೆಸರ್ ಇದ್ದರೆ ಗುರುತಿಸುವ ಕೆಲಸಕ್ಕೆ ಇಂಟೆಲ್‌ನದೇ ತಂತ್ರಾಂಶ ಓಪನ್‌ವಿನೊ ಸಾಕು, ಬೇರೆ ಕಾರ್ಡ್ ಕೊಳ್ಳಬೇಡಿ. ಗುರುತಿಸಲು ಕ್ಯಾಮೆರಾದ ಸಬ್ ಸ್ಟ್ರೀಮ್ (ಕಡಿಮೆ ಸ್ಪಷ್ಟತೆಯ ಎರಡನೇ ವಿಡಿಯೊ), ಸೆಕೆಂಡಿಗೆ 5 ಫ್ರೇಮು. ರೆಕಾರ್ಡಿಂಗಿಗೆ ಮುಖ್ಯ ಸ್ಟ್ರೀಮ್.

ಮನೆಯವರಿಗೆ ಇದ್ಯಾವುದೂ ಬೇಡ, "ಮಂಗ ಬಂದರೆ ಹೇಳುತ್ತದೋ?" ಎಂಬುದೊಂದೇ. ಹೇಳುವುದಿಲ್ಲ. ಫ್ರಿಗೇಟ್ ಜೊತೆಗೆ ಬರುವ, ವಸ್ತು ಗುರುತಿಸುವ ಮಾಡೆಲ್ ಕಲಿತದ್ದು ಕೋಕೋ ಎಂಬ ಚಿತ್ರಸಂಗ್ರಹದಿಂದ. ಅದರಲ್ಲಿ ಜಿರಾಫೆ ಇದೆ, ಜೀಬ್ರಾ ಇದೆ, ಮಂಗವೂ ಇಲ್ಲ, ಕಾಡುಹಂದಿಯೂ ಇಲ್ಲ. ನಮ್ಮ ತೋಟಕ್ಕೆ ಜಿರಾಫೆ ಯಾವಾಗ ಬರುವುದೋ! ಹಿತ್ತಿಲ ಬಾಳೆಗೆ ಬರುವ ಮಂಗಗಳನ್ನು ಅದು ನಾಯಿ ಎನ್ನುತ್ತದೆ, ಕೆಲವೊಮ್ಮೆ ಬೆಕ್ಕು. ಹಾಗಾಗಿ ಹಿತ್ತಿಲ ಕ್ಯಾಮೆರಾಕ್ಕೆ ಮಾತ್ರ ನಾಯಿ, ಬೆಕ್ಕುಗಳನ್ನೂ ಅಲರ್ಟಿಗೆ ಸೇರಿಸಿದ್ದೇನೆ. ನಮ್ಮ ನಾಯಿಯನ್ನು ಹಗಲು ಕಟ್ಟಿಯೇ ಇಡುವುದು, ಆದ್ದರಿಂದ ಹಗಲಲ್ಲಿ ಹಿತ್ತಿಲಿನಿಂದ 'ನಾಯಿ' ಎಂದು ಬಂತೆಂದರೆ ಪಟಾಕಿ ಹಿಡಿದು ಓಡುವುದೇ.