ಈಜಿಪ್ಟಿನ ಬೆಳಕನ್ನು ಬೆಂಗಳೂರಲ್ಲಿ ಕೂತು ಕಲಿಯೋದು ಹೇಗೆ

ನಾನು ಗಾಂಧಿನಗರದ ಯೂನಿಟ್‌ಗಳಲ್ಲಿ ಹನ್ನೆರಡು ವರ್ಷದಿಂದ ಕ್ಯಾಮೆರಾ ಅಸಿಸ್ಟೆಂಟ್. ಹೊಸ ಹುಡುಗರು "ಅಣ್ಣಾ, ಲೈಟಿಂಗ್ ಕಲಿಯೋಕೆ ಏನು ನೋಡ್ಲಿ?" ಅಂತ ಕೇಳ್ತಾರೆ. ಸಿಕ್ಕಿದ್ದೆಲ್ಲಾ ನೋಡಬೇಡಿ. ಒಬ್ಬ ಛಾಯಾಗ್ರಾಹಕನನ್ನು ಹಿಡ್ಕೊಳ್ಳಿ. ನಾನು ಹಿಡಿದದ್ದು ಈಜಿಪ್ಟಿನ ಅಬ್ದೆಲ್ ಅಜೀಜ್ ಫಹ್ಮಿ ಅವರನ್ನು.

ಶಾದಿ ಅಬ್ದೆಲ್ ಸಲಾಂ ನಿರ್ದೇಶಿಸಿದ 'ಅಲ್ ಮೂಮಿಯಾ' (1969) ಚಿತ್ರಕ್ಕೆ ಅವರದೇ ಕ್ಯಾಮೆರಾ. 1881ರಲ್ಲಿ ಲಕ್ಸರ್ ಹತ್ತಿರ ಫೇರೋಗಳ ಮಮ್ಮಿಗಳು ಸಿಕ್ಕಿದ ನಿಜ ಸಂಗತಿಯ ಮೇಲೆ ಕಟ್ಟಿದ ಕಥೆ.

ಮೊದಲು ಒಳ್ಳೆ ಪ್ರಿಂಟ್ ಹುಡುಕಿ. ನಾನು ಮೊದಲ ಸಲ ನೋಡಿದ್ದು ಮಸುಕಾದ ಕಾಪಿ. ಮರಳೂ ಆಕಾಶವೂ ಒಂದೇ ಬೂದಿ ಬಣ್ಣ. ಏನೂ ಕಾಣ್ತಿಲ್ಲ, ಇದೆಂಥ ಕ್ಯಾಮೆರಾ ಕೆಲಸ ಅಂದುಕೊಂಡು ಅರ್ಧಕ್ಕೇ ಎದ್ದೆ. 2009ರಲ್ಲಿ ಇಟಲಿಯ ಬೊಲೋನ್ಯಾದಲ್ಲಿ ಸರಿಪಡಿಸಿದ ಪ್ರಿಂಟ್ ಆಮೇಲೆ ನೋಡಿದಾಗ ಮೈ ಜುಮ್ಮೆಂದಿತು. ಕಪ್ಪು ಬಟ್ಟೆಯ ಜನ, ನಸುಕಿನ ತಿಳಿ ನೀಲಿ, ಮಣ್ಣಿನ ಬಣ್ಣದ ಗೋಡೆ. ಫಹ್ಮಿ ಅವರ ಬಗ್ಗೆ ತಪ್ಪು ತೀರ್ಪು ಕೊಟ್ಟಿದ್ದೆ ಅನ್ನಿಸಿತು.

ಎರಡನೇ ಸಲ ಸೌಂಡ್ ಆಫ್ ಮಾಡಿ ನೋಡಿ. ಶಾಟ್ ಬದಲಾದಾಗ ನಿಲ್ಲಿಸಿ. ಬೆಳಕು ಯಾವ ಕಡೆಯಿಂದ ಬರ್ತಿದೆ? ಮುಖದಲ್ಲಿ ಎಷ್ಟು ಭಾಗ ಕತ್ತಲಲ್ಲಿದೆ? ನೋಟ್‌ಬುಕ್‌ನಲ್ಲಿ ಚೌಕ ಹಾಕಿ ಪೆನ್ಸಿಲ್‌ನಿಂದ ಕಪ್ಪು ತುಂಬಿ. ಹತ್ತು ಶಾಟ್ ಬರೆಯೋಕೆ ನನಗೆ ಒಂದು ಭಾನುವಾರ ಪೂರ್ತಿ ಹಿಡಿಯಿತು. ಜಾಸ್ತಿ ಕಲಿತದ್ದೂ ಅದೇ ದಿನ.

ಆಮೇಲೆ ಸಂಜೆ ಲಾಲ್‌ಬಾಗ್ ಬಂಡೆ ಹತ್ತಿ. ಗೆಳೆಯನಿಗೆ ಕಪ್ಪು ಶಾಲು ಹೊದಿಸಿ. ಫೋನಿನಲ್ಲೇ ಎಕ್ಸ್‌ಪೋಷರ್, ಅಂದ್ರೆ ಒಳಗೆ ಬರೋ ಬೆಳಕಿನ ಅಳತೆ, ಲಾಕ್ ಮಾಡಿ, ಒಮ್ಮೆ ಆಕಾಶಕ್ಕೆ, ಒಮ್ಮೆ ಮುಖಕ್ಕೆ. ಸೂರ್ಯ ಮುಳುಗಿದ ಮೇಲೆ ಕೈಯಲ್ಲಿರೋದು ಇಪ್ಪತ್ತು ನಿಮಿಷದಷ್ಟು ಬೆಳಕು. ಅಷ್ಟರಲ್ಲಿ ಫ್ರೇಮ್, ಫೋಕಸ್, ನಟ ಎಲ್ಲವೂ ಕೂಡಿ ಬರಬೇಕು. ಕತ್ತಲೆಗೆ ಧೈರ್ಯ ಬೇಕು ಅಂತ ನನಗೆ ಅಲ್ಲೇ ಗೊತ್ತಾಗಿದ್ದು. ಮುಖ ಪೂರ್ತಿ ಕಾಣದಿದ್ದರೂ ಪರವಾಗಿಲ್ಲ, ಅಲ್ವಾ?

ಈಗ ಹಿಂದಕ್ಕೆ ಹೋಗಿ. ಈಜಿಪ್ಟಿನ ನಿರ್ದೇಶಕ ಯೂಸುಫ್ ಶಾಹೀನ್ ಅವರ 'ಬಾಬ್ ಎಲ್ ಹದೀದ್' (1958) ಕಪ್ಪು-ಬಿಳುಪು. ಕ್ಯಾಮೆರಾ ಅಲ್ವೀಸೆ ಓರ್ಫನೆಲ್ಲಿ ಅವರದು. ಅಲೆಕ್ಸಾಂಡ್ರಿಯಾದಲ್ಲಿ ಬೆಳೆದ ಇಟಾಲಿಯನ್ ಮೂಲದವರು, ಮೂಕಿ ಕಾಲದಿಂದ ಬಂದವರು. ಕಥೆ ನಡೆಯೋದು ಕೈರೋ ರೈಲ್ವೆ ಸ್ಟೇಷನ್‌ನಲ್ಲಿ. ನಮ್ಮ ಮೆಜೆಸ್ಟಿಕ್ ಸ್ಟೇಷನ್ನಿನಲ್ಲಿ ಮಧ್ಯಾಹ್ನ ಅರ್ಧ ಗಂಟೆ ಸುಮ್ನೆ ನಿಂತು ನೆರಳು ನೋಡಿ, ಮತ್ತೆ ಆ ಚಿತ್ರ ಹಾಕಿ. ಜನಜಂಗುಳಿಯಲ್ಲಿ ಒಬ್ಬನ ಮುಖ ಬೇರೆ ಮಾಡಿ ತೋರಿಸೋದು ಎಷ್ಟು ಕಷ್ಟ ಅಂತ ಅರ್ಥವಾಗುತ್ತೆ.

ನೋಟ್‌ಬುಕ್ಕಿನ ಕೊನೆ ಪುಟದಲ್ಲಿ ಒಂದು ಗೆರೆ ಎಳೆಯಿರಿ. 1935, ಈಜಿಪ್ಟಿನ ಫಿಲ್ಮ್ ಸ್ಟುಡಿಯೋ 'ಸ್ಟುಡಿಯೋ ಮಿಸ್ರ್' ಶುರು. 1959, ಕೈರೋದಲ್ಲಿ ಸಿನಿಮಾ ಕಲಿಸೋ ಸಂಸ್ಥೆ. ಆ ಗೆರೆ ಮೇಲೆ ಒಬ್ಬೊಬ್ಬ ಕ್ಯಾಮೆರಾಮ್ಯಾನ್ ಎಲ್ಲಿ ಬರ್ತಾರೆ, ಯಾರ ಜೊತೆ ಕೆಲಸ ಮಾಡಿದರು ಬರೆಯುತ್ತಾ ಹೋಗಿ. ಪಕ್ಕದಲ್ಲೇ ನಮ್ಮವರ ಗೆರೆಯೂ ಇರಲಿ. ಗುರುದತ್ ಚಿತ್ರಗಳ ಛಾಯಾಗ್ರಾಹಕ, ಮೈಸೂರಿನ ವಿ.ಕೆ. ಮೂರ್ತಿ ಕ್ಯಾಮೆರಾ ಕಲಿತದ್ದು ಇದೇ ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ.

ನನ್ನ ಪುಟದಲ್ಲಿ ಈಗ ಮೊಹ್ಸೆನ್ ನಸ್ರ್ ಹೆಸರಿದೆ. ಶಾಹೀನ್ ಜೊತೆ 1979ರಲ್ಲಿ ಅವರು ಮಾಡಿದ 'ಅಲೆಕ್ಸಾಂಡ್ರಿಯಾ, ಯಾಕೆ?' ಈ ಭಾನುವಾರಕ್ಕೆ ಇಟ್ಟಿದ್ದೇನೆ. ಪೆನ್ಸಿಲ್ ಚೂಪು ಮಾಡಿಯಾಯ್ತು.