ಭತ್ತದ ಗದ್ದೆಯಲ್ಲಿ ಮೀಥೇನ್ ತಗ್ಗಿಸಲು ಒಂದು ಪೈಪು, ಒಂದು ಕಡ್ಡಿ

ನೀರು ನಿಂತ ಗದ್ದೆಯ ಕೆಸರಿಗೆ ಗಾಳಿ ಸಿಗುವುದಿಲ್ಲ. ಗಾಳಿಯಿಲ್ಲದ ಕಡೆಯೇ ಬದುಕುವ ಸೂಕ್ಷ್ಮಜೀವಿಗಳು ಅಲ್ಲಿ ಕೂಳೆ, ಹುಲ್ಲು, ಗೊಬ್ಬರ ಕೊಳೆಯುವಾಗ ಮೀಥೇನ್ ಹುಟ್ಟಿಸುತ್ತವೆ. ಅದರ ಬಹುಪಾಲು ಭತ್ತದ ಗಿಡದೊಳಗಿನ ಗಾಳಿನಾಳಗಳ ಮೂಲಕವೇ ಮೇಲೇರಿ ಹೊರಬೀಳುತ್ತದೆ. ವಾತಾವರಣದಲ್ಲಿ ಈ ಅನಿಲ ಉಳಿಯುವುದು ಹನ್ನೆರಡು ವರ್ಷದಷ್ಟು ಮಾತ್ರ. ಆದರೆ 20 ವರ್ಷದ ಲೆಕ್ಕ ಹಿಡಿದರೆ ಅದು ತೂಕಕ್ಕೆ ತೂಕ ಇಂಗಾಲದ ಡೈಆಕ್ಸೈಡ್‌ನ ಸುಮಾರು 80 ಪಟ್ಟು ಶಾಖ ಹಿಡಿದಿಡುತ್ತದೆ. ಇವತ್ತು ತಡೆದದ್ದರ ಫಲ ನಮ್ಮ ಕಾಲದಲ್ಲೇ ಸಿಗುತ್ತದೆ ಎನ್ನುವುದಕ್ಕೆ ಇದೇ ಕಾರಣ.

ಮಣ್ಣಿಗೆ ಆಗಾಗ ಗಾಳಿ ತಾಗಿದರೆ ಸಾಕು, ಆ ಜೀವಿಗಳ ಕೆಲಸ ನಿಲ್ಲುತ್ತದೆ. ಹಂಗಾಮಿನಲ್ಲಿ ಹಲವು ಸಲ ಆರಿಸಿದ ಗದ್ದೆಯಿಂದ ಹೊರಡುವ ಮೀಥೇನ್, ಸದಾ ನೀರು ನಿಂತ ಗದ್ದೆಯದರ ಶೇ. 55ರಷ್ಟು ಎಂದು ವಿಶ್ವಸಂಸ್ಥೆಯ ಹವಾಮಾನ ವಿಜ್ಞಾನ ಸಮಿತಿಯಾದ ಐಪಿಸಿಸಿಯ 2019ರ ಮಾರ್ಗಸೂಚಿ ಲೆಕ್ಕ ಹಾಕುತ್ತದೆ. ಇಳುವರಿ ಕಳೆದುಕೊಳ್ಳದೆ ಆರಿಸಬೇಕಾದರೆ ಮಣ್ಣಿನ ಕೆಳಗೆ ನೀರು ಎಷ್ಟು ಆಳದಲ್ಲಿದೆ ಎಂದು ತಿಳಿದಿರಬೇಕು. ಕಣ್ಣಂದಾಜು ಇಲ್ಲಿ ನಡೆಯುವುದಿಲ್ಲ.

ಆರು ಇಂಚು ಅಗಲದ ಪಿವಿಸಿ ಪೈಪಿನಲ್ಲಿ 14 ಇಂಚು ಉದ್ದದ ತುಂಡು ಕತ್ತರಿಸಿ. ನಾಲ್ಕು ಇಂಚಿನದೂ ಆಗುತ್ತದೆ, ಆದರೆ ಒಳಗಿನ ಮಣ್ಣು ತೆಗೆಯಲು ಕೈ ಆಡುವುದಿಲ್ಲ. ಕೆಳಗಿನ 8 ಇಂಚಿಗೆ ಸುತ್ತಲೂ, ಮುಕ್ಕಾಲು ಇಂಚಿಗೊಂದರಂತೆ, 5 ಮಿ.ಮೀ. ತೂತು ಕೊರೆಯಿರಿ. ತೂತಿರುವ ಭಾಗ ಪೂರ್ತಿ ನೆಲದೊಳಗೆ, 6 ಇಂಚು ಮೇಲೆ ಉಳಿಯುವಂತೆ ಹೂತು, ಒಳಗಿನ ಮಣ್ಣನ್ನು ತಳದವರೆಗೆ ತೆಗೆಯಿರಿ. ನೀರು ಕಟ್ಟಿದಾಗ ಒಳಗೂ ಹೊರಗೂ ಮಟ್ಟ ಒಂದೇ ಇರಬೇಕು. ಇಲ್ಲದಿದ್ದರೆ ತೂತು ಕಟ್ಟಿಕೊಂಡಿವೆ, ಕಿತ್ತು ತೊಳೆದು ಮತ್ತೆ ಹೂಳಿ. ಬದುವಿನಿಂದ ಒಂದು ಮೀಟರ್ ಒಳಗೆ, ಗದ್ದೆಯ ಸರಾಸರಿ ಮಟ್ಟವಿರುವ ಕಡೆ ಇಡಿ. ಮೇಲಿನ ಗದ್ದೆಯ ಬಸಿನೀರು ಬರುವ ಮೂಲೆಯಲ್ಲಿಟ್ಟರೆ ಮಟ್ಟ ಇಳಿಯುವುದೇ ಇಲ್ಲ.

ಒಂದು ಕಡ್ಡಿಗೆ ಒಂದು ಅಡಿಗೆ ಗುರುತು ಹಾಕಿಕೊಳ್ಳಿ. ಪೈಪಿನ ಬಾಯಿಂದ ನೀರು ಒಂದು ಅಡಿ ಕೆಳಗಿದೆ ಎಂದರೆ ನೆಲದಿಂದ 6 ಇಂಚು ಇಳಿದಿದೆ. ಆಗ ನೀರು ಬಿಟ್ಟು, ಗದ್ದೆಯಲ್ಲಿ ಎರಡು ಇಂಚು ನಿಲ್ಲಿಸಿ, ಮತ್ತೆ ಇಳಿಯಲು ಬಿಡಿ. ಮಣ್ಣು, ಬಿಸಿಲು ನೋಡಿಕೊಂಡು ಇದಕ್ಕೆ ಒಂದು ದಿನವೂ ಹಿಡಿದೀತು, ಹತ್ತು ದಿನವೂ ಹಿಡಿದೀತು.

ನಾಟಿ ಆದ ಮೊದಲ ಎರಡು-ಮೂರು ವಾರ ಆರಿಸಬೇಡಿ. ನಿಂತ ನೀರೇ ಆಗ ಕಳೆಯನ್ನು ಅದುಮುತ್ತದೆ, ಸಸಿ ಬೇರು ಹಿಡಿಯುವ ಹೊತ್ತೂ ಅದೇ. ಹೂ ಬಿಡುವ ಒಂದು ವಾರ ಮುಂಚಿನಿಂದ ಒಂದು ವಾರ ಆಮೇಲಿನವರೆಗೆ ಎರಡು ಇಂಚು ನೀರು ತಪ್ಪಬಾರದು. ಆಗ ಒಣಗಿದರೆ ಕಾಳು ಜೊಳ್ಳಾಗುತ್ತದೆ. ಈ ಪದ್ಧತಿಯನ್ನು ದೂರಿ ಕೈಬಿಟ್ಟ ಕಡೆಗಳಲ್ಲಿ ತಪ್ಪಿರುವುದು ಸಾಮಾನ್ಯವಾಗಿ ಈ ಎರಡು ಅವಧಿಗಳಲ್ಲೇ.

ಯೂರಿಯಾ ವಿಷಯದಲ್ಲಿ ಎಚ್ಚರ ಬೇಕು. ಗದ್ದೆ ಆರುತ್ತಿರುವಾಗ ಎರಚಿ ಹಾಗೇ ಬಿಟ್ಟರೆ ಸಾರಜನಕ ಮೊದಲು ನೈಟ್ರೇಟ್ ಆಗಿ, ನೀರು ಬಿಟ್ಟಾಗ ಅದರಲ್ಲಿ ಒಂದಿಷ್ಟು ನೈಟ್ರಸ್ ಆಕ್ಸೈಡ್ ಆಗಿ ಹಾರುತ್ತದೆ. ಅದು ನೂರು ವರ್ಷದ ಲೆಕ್ಕದಲ್ಲಿ ಇಂಗಾಲದ ಡೈಆಕ್ಸೈಡ್‌ನ 273 ಪಟ್ಟು ಬಲದ ಅನಿಲ. ಮೀಥೇನ್‌ನಲ್ಲಿ ಉಳಿಸಿದ್ದರಲ್ಲಿ ಒಂದು ಪಾಲನ್ನು ಇಲ್ಲಿ ಕಳೆದುಕೊಂಡಂತೆ. ಮಣ್ಣು ಆರಿದ ಮೇಲೆ, ನೀರು ಬಿಡುವುದಕ್ಕೆ ಸ್ವಲ್ಪ ಮುಂಚೆ ಎರಚಿದರೆ ನೀರಿನ ಜೊತೆ ಗೊಬ್ಬರ ಬೇರಿನತ್ತ ಇಳಿಯುತ್ತದೆ.

ಎಲ್ಲ ಗದ್ದೆಗೂ ಇದು ಒಗ್ಗುವುದಿಲ್ಲ. ತುಂಗಭದ್ರಾ ಅಚ್ಚುಕಟ್ಟಿನ ಸವಳು ಭೂಮಿಯಲ್ಲಿ ಆರಿಸಿದರೆ ಉಪ್ಪು ಮೇಲೇರಿ ಪೈರು ಸುಡುತ್ತದೆ. ಎರೆ ಮಣ್ಣಿನಲ್ಲಿ ಕೂದಲೆಳೆಯಷ್ಟು ಬಿರುಕು ಕಂಡೊಡನೆ, ಕಡ್ಡಿಯ ಗುರುತು ಮುಟ್ಟದಿದ್ದರೂ, ನೀರು ಬಿಡಿ. ಬಿರುಕು ಅಗಲವಾದರೆ ಬಿಟ್ಟ ನೀರೆಲ್ಲ ಪಾತಾಳಕ್ಕೆ. ಮಂಡ್ಯ ಕಡೆಯ ಕಟ್ಟು ಪದ್ಧತಿಯಂತೆ ಕಾಲುವೆ ನೀರು ಸರದಿಯಲ್ಲಿ ಬರುವಲ್ಲಿ ಮುಂದಿನ ಸರದಿ ಯಾವಾಗ ಎಂದು ವಿಚಾರಿಸಿಕೊಂಡು ಆರಿಸಿ. ಬೋರ್‌ವೆಲ್ ಇದ್ದವರಿಗೆ ಈ ಚಿಂತೆಯಿಲ್ಲ, ಮೋಟಾರು ಓಡುವ ಹೊತ್ತೂ ಉಳಿಯುತ್ತದೆ.

ಹಿಂದಿನ ಬೆಳೆಯ ಹುಲ್ಲನ್ನು ನಾಟಿಗೆ ಸ್ವಲ್ಪ ಮುಂಚೆ ಕೆಸರಿಗೆ ತುಳಿದರೆ ಮೀಥೇನ್ ಏರುತ್ತದೆ. ನೀರು ಕಟ್ಟುವುದಕ್ಕೆ ಒಂದು ತಿಂಗಳಿಗೂ ಮುಂಚೆ, ಒಣ ನೆಲದಲ್ಲೇ ಉತ್ತು ಸೇರಿಸಿ, ಇಲ್ಲವೇ ಚೆನ್ನಾಗಿ ಕೊಳೆಸಿ ಕಾಂಪೋಸ್ಟ್ ಮಾಡಿ ಹಾಕಿ.